ಕಾಲ್ಚೆಂಡಿನ ಮೇಷ್ಟರು

ಸಂಗೀತಗಾರನ ಹಾಡಿಕೆ ಐವತ್ತರಲ್ಲಿ ಪಕ್ವವಾಗುತ್ತದೆ. ವೈದ್ಯನಿಗೆ ತಲೆ ನರೆತಷ್ಟೂ ಮರ್ಯಾದೆ ಹೆಚ್ಚು. ವಕೀಲನಿಗಂತೂ ಮುಪ್ಪೆಂಬುದೇ ಇಲ್ಲ. ಆದರೆ ಕಾಲ್ಚೆಂಡಾಟವನ್ನೇ ಜೀವನೋಪಾಯ ಮಾಡಿಕೊಂಡವನ ಪಾಡು ಹಾಗಲ್ಲ. ಮೂವತ್ತೆರಡು ಮೂವತ್ತಮೂರು ವರ್ಷಕ್ಕೆ ಆತ ಮುದುಕ. ಮೊಣಕಾಲು ಹೇಳಿದ ಮಾತು ಕೇಳುವುದಿಲ್ಲ. ನಿನ್ನೆ ಮೊನ್ನೆ ತಂಡ ಸೇರಿದ ಹುಡುಗ ಅವನ ಕಾಲಿನಿಂದ ಚೆಂಡನ್ನು ಕಸಿದುಕೊಂಡು ಓಡಿಬಿಡುತ್ತಾನೆ. ಮುಂದಿನ ಆಯುಷ್ಯವೆಲ್ಲ ಇದಿರಿಗೆ ಬಿದ್ದಿರುತ್ತದೆ, ಕೈಯಲ್ಲಿ ಬೇರೆ ಕಸಬಿಲ್ಲ. ಈ ಶತಮಾನಕ್ಕೆ ಹಿಂದಿನ ಶತಮಾನದ ಆರಂಭದಲ್ಲಿ, ಇಂಗ್ಲೆಂಡಿನಲ್ಲಿ ಇಂಥ ಆಟಗಾರ ಮಾಡುತ್ತಿದ್ದುದೇನು? ಅದೃಷ್ಟವಿದ್ದರೆ ಒಂದು ಬಿಯರಿನ ಅಂಗಡಿ ಇಡುತ್ತಿದ್ದ. ಇಲ್ಲದಿದ್ದರೆ ಬಂದ ಗಿರಣಿಗೋ ಗಣಿಗೋ ಹಿಂದಿರುಗುತ್ತಿದ್ದ.

ಈ ಎರಡೂ ದಾರಿಗಳನ್ನು ಬಿಟ್ಟು ಮೂರನೆಯದೊಂದನ್ನು ಹಿಡಿದವನ ಕಥೆಯನ್ನು ನಿಮಗೆ ಹೇಳಬೇಕೆಂದಿದ್ದೇನೆ. ಅವನ ಹೆಸರು ಜಿಮ್ಮಿ ಹೋಗನ್. ಆಟಗಾರನಾಗಿ ಆತ ತಕ್ಕಮಟ್ಟಿನವನು. ಆಟವನ್ನಷ್ಟೇ ನೋಡಿ ಅಳೆದಿದ್ದರೆ ಇಂದು ಯಾರೂ ಅವನನ್ನು ನೆನೆಯುತ್ತಿರಲಿಲ್ಲ. ಅವನನ್ನು ನೆನೆಯುವುದು ಆಡಿದ್ದಕ್ಕಾಗಿ ಅಲ್ಲ, ಕಲಿಸಿದ್ದಕ್ಕಾಗಿ. ಆ ನೆನಪಾದರೂ ಅವನ ಸ್ವಂತ ನಾಡಿಗಿಂತ ಪರದೇಶಗಳಲ್ಲೇ ಹೆಚ್ಚಾಗಿ ಉಳಿದದ್ದು ಈ ಕಥೆಯ ಸ್ವಾರಸ್ಯವೂ ಹೌದು, ವ್ಯಥೆಯೂ ಹೌದು.

ಹೋಗನ್ ಹುಟ್ಟಿದ್ದು 1882ರ ಅಕ್ಟೋಬರಿನಲ್ಲಿ, ಲ್ಯಾಂಕಾಷೈರಿನ ನೆಲ್ಸನ್ ಎಂಬ ಊರಿನಲ್ಲಿ. ಅದು ಹತ್ತಿ ಗಿರಣಿಗಳ ಸೀಮೆ. ಮನೆಯವರು ಐರಿಷ್ ಮೂಲದ ಕ್ಯಾಥೊಲಿಕರು. ಮಗ ಪಾದ್ರಿಯಾಗಲಿ ಎಂಬುದು ತಂದೆಯ ಆಸೆ. ಮಗನ ಮನಸ್ಸು ಚೆಂಡಿನ ಮೇಲೆ. ಬರ್ನ್‌ಲಿ, ಫುಲಂ, ಬೋಲ್ಟನ್ ಮೊದಲಾದ ತಂಡಗಳಲ್ಲಿ ಆತ ಮುಂಚೂಣಿಯ ಆಟಗಾರನಾಗಿ ಆಡಿದನು. 1908ರಲ್ಲಿ ಫುಲಂ ತಂಡವು ರಾಷ್ಟ್ರೀಯ ಕಪ್ಪಿನ ಉಪಾಂತ್ಯ ಪಂದ್ಯದವರೆಗೆ ಏರಿದಾಗ ಹೋಗನ್ ಆ ತಂಡದಲ್ಲಿದ್ದ. ಆಗ ವೃತ್ತಿ ಆಟಗಾರನ ಸಂಬಳಕ್ಕೆ ಒಂದು ಮಿತಿಯಿತ್ತು. 1901ರಲ್ಲಿ ಗೊತ್ತುಮಾಡಿದಂತೆ ವಾರಕ್ಕೆ 4 ಪೌಂಡು, ಅದಕ್ಕೆ ಮೇಲಿಲ್ಲ. ಎಷ್ಟು ಚೆನ್ನಾಗಿ ಆಡಿದರೂ ಅಷ್ಟೇ.

ಅಂದಿನ ಅಭ್ಯಾಸ ಕ್ರಮವನ್ನು ಕೇಳಿದರೆ ನಿಮಗೆ ನಗು ಬಂದೀತು. ವಾರದ ದಿನಗಳಲ್ಲಿ ಆಟಗಾರರು ಮೈದಾನದ ಸುತ್ತ ಓಡುತ್ತಿದ್ದರು, ಕೆಲವೊಮ್ಮೆ ಗುದ್ದಾಟದ ಚೀಲವನ್ನು ಗುದ್ದುತ್ತಿದ್ದರು. ಚೆಂಡನ್ನು ಮಾತ್ರ ಅವರಿಗೆ ಹೆಚ್ಚಾಗಿ ಕೊಡುತ್ತಿರಲಿಲ್ಲ. ವಾರವೆಲ್ಲ ಚೆಂಡು ಕಾಣದಿದ್ದರೆ ಶನಿವಾರದ ಪಂದ್ಯದಲ್ಲಿ ಅದಕ್ಕಾಗಿ ಹಸಿದಿರುತ್ತಾರೆ ಎಂಬುದು ಯಜಮಾನರ ತರ್ಕ. ವೀಣೆ ಕಲಿಯುವವನಿಗೆ ಕಚೇರಿಯ ದಿನದವರೆಗೂ ವೀಣೆಯನ್ನು ಮುಟ್ಟಗೊಡದೆ, ಬರಿಯ ದಂಡ ಬಸ್ಕಿ ಹೊಡೆಸಿದಂತಾಯಿತು! ಆಟವೆಂಬುದು ಹುಟ್ಟಿನಿಂದ ಬರುವ ವರ, ಕಲಿತು ಬರುವ ವಿದ್ಯೆಯಲ್ಲ ಎಂಬ ನಂಬಿಕೆ ಈ ತರ್ಕದ ಬುಡದಲ್ಲಿತ್ತು.

ಹೋಗನ್ನನಿಗೆ ಇದು ಒಗ್ಗಲಿಲ್ಲ. ಬರ್ನ್‌ಲಿಯಲ್ಲಿ ನಡೆದ ಒಂದು ಸಣ್ಣ ಪ್ರಸಂಗವನ್ನು ಆತ ಕೊನೆಯವರೆಗೂ ಮರೆಯಲಿಲ್ಲ. ಒಂದು ಪಂದ್ಯದಲ್ಲಿ ಆತ ಇದಿರಾಳಿಗಳನ್ನು ದಾಟಿ, ಗೋಲಿನ ಮುಂದೆ ಸೊಗಸಾದ ಅವಕಾಶ ಮಾಡಿಕೊಂಡು ಚೆಂಡನ್ನು ಒದ್ದನು. ಚೆಂಡು ಅಡ್ಡಕಂಬದ ಮೇಲೆ ಹಾರಿಹೋಯಿತು. ಪಂದ್ಯ ಮುಗಿದ ಮೇಲೆ ತಂಡದ ಮುಖ್ಯಸ್ಥನ ಬಳಿ ಹೋಗಿ ಕೇಳಿದನು: ನನ್ನ ಒದೆತದಲ್ಲಿ ತಪ್ಪೇನು? ಪಾದವನ್ನಿಟ್ಟ ಬಗೆ ಸರಿಯಿರಲಿಲ್ಲವೆ? ಮೈ ಸಮತೋಲ ತಪ್ಪಿತ್ತೆ? ಮುಖ್ಯಸ್ಥನಿಗೆ ಪ್ರಶ್ನೆಯೇ ಅರ್ಥವಾಗಲಿಲ್ಲ. ಒದೆಯುತ್ತಲೇ ಇರು, ಹತ್ತಕ್ಕೆ ಒಂದು ಒಳಗೆ ಬಿದ್ದರೆ ಅದೇ ಭಾಗ್ಯ ಎಂಬರ್ಥದ ಮಾತು ಹೇಳಿ ಕಳುಹಿಸಿದನು.

ಓದುಗರೇ, ಹೋಗನ್ ಆಟಗಾರನಾಗಿ ಇನ್ನೂ ಎಷ್ಟೋ ವರ್ಷ ಇದ್ದನು. ಆದರೆ ಅವನೊಳಗಿನ ಮೇಷ್ಟರು ಹುಟ್ಟಿದ್ದು ಅಂದೇ ಎಂದು ನಾನು ತಿಳಿದಿದ್ದೇನೆ. ಚೆಂಡು ಮೇಲಕ್ಕೆ ಹಾರುವುದಕ್ಕೆ ಕಾರಣವುಂಟು. ಊರಿದ ಕಾಲು ಚೆಂಡಿಗಿಂತ ಹಿಂದುಳಿದು, ಮೈ ಹಿಂದಕ್ಕೆ ಬಾಗಿದರೆ, ಒದೆಯುವ ಪಾದ ಚೆಂಡಿನ ಅಡಿಗೆ ಹೋಗಿ ಅದನ್ನು ಮೇಲಕ್ಕೆತ್ತುತ್ತದೆ. ಊರಿದ ಕಾಲನ್ನು ಚೆಂಡಿನ ಪಕ್ಕದಲ್ಲಿಟ್ಟು, ಮೊಣಕಾಲನ್ನು ಚೆಂಡಿನ ಮೇಲೆ ತಂದು ಒದ್ದರೆ ಅದು ತಗ್ಗಿನಲ್ಲೇ ನುಗ್ಗುತ್ತದೆ. ಇದು ಅದೃಷ್ಟದ ಮಾತಲ್ಲ. ಕಾರಣ ತಿಳಿದರೆ ತಿದ್ದಬಹುದು, ತಿದ್ದಬಹುದಾದದ್ದನ್ನು ಕಲಿಸಬಹುದು. ಇಷ್ಟು ಸರಳವಾದ ಈ ಎಣಿಕೆ ಅಂದಿನ ಇಂಗ್ಲೆಂಡಿನ ಆಟದ ಮನೆಯಲ್ಲಿ ನಾಸ್ತಿಕವಾದದಂತೆ ಕೇಳಿಸುತ್ತಿತ್ತು.

ಆತ ತನ್ನ ಮೇಲೆ ತಾನೇ ಪ್ರಯೋಗ ಮಾಡಿಕೊಂಡನು. ಕಾಲಿನ ಬಲಕ್ಕೆಂದು ನಿಂತಲ್ಲೇ ತುಳಿಯುವ ಒಂದು ಒರಟು ಸೈಕಲ್ಲನ್ನು ಕಟ್ಟಿಕೊಂಡು ದಿನವೂ ತುಳಿದನು. ಕೆಲವು ಕಾಲದ ಮೇಲೆ, ಇದರಿಂದ ಓಟ ಚುರುಕಾಗುತ್ತಿಲ್ಲ, ಮೀನಖಂಡ ಬಿಗಿಯುತ್ತಿದೆಯಷ್ಟೆ ಎಂದು ಕಂಡುಕೊಂಡು ಬಿಟ್ಟನು. ಮುಂದೆ ಫುಲಂ ತಂಡದಲ್ಲಿ ಸ್ಕಾಟ್ಲೆಂಡಿನ ಆಟದ ಪದ್ಧತಿ ಅವನಿಗೆ ಪರಿಚಯವಾಯಿತು. ಚೆಂಡನ್ನು ಆಕಾಶಕ್ಕೆ ಒದ್ದು ಅದರ ಹಿಂದೆ ಗುಂಪಾಗಿ ಓಡುವ ಬದಲು, ನೆಲ ಬಿಡಿಸದೆ, ಒಬ್ಬನಿಂದ ಒಬ್ಬನಿಗೆ ಹತ್ತಿರ ಹತ್ತಿರದಲ್ಲೇ ದಾಟಿಸುತ್ತ ಮುಂದೆ ಸಾಗುವ ಪದ್ಧತಿ ಅದು. ತಾನು ಹುಡುಕುತ್ತಿದ್ದುದು ಇದೇ ಎಂದು ಹೋಗನ್ನನಿಗೆ ತೋರಿತು.

ಬೋಲ್ಟನ್ ತಂಡದೊಂದಿಗೆ ಒಮ್ಮೆ ಆತ ಹಾಲೆಂಡಿಗೆ ಹೋದನು. ಅಲ್ಲಿ ಡಾರ್ಡ್‌ರೆಕ್ಟ್ ಎಂಬ ಊರಿನ ತಂಡವನ್ನು ಇವರು ಹತ್ತು ಗೋಲುಗಳಿಂದ ಸೋಲಿಸಿದರು. ಉಳಿದವರು ಗೆದ್ದೆವೆಂದು ನಕ್ಕರು. ಹೋಗನ್ ಮಾತ್ರ, ಮತ್ತೆ ಬಂದು ಈ ಹುಡುಗರಿಗೆ ಆಟ ಕಲಿಸಬೇಕು ಎಂದುಕೊಂಡನು. 1910ರಲ್ಲಿ ಅದೇ ಡಾರ್ಡ್‌ರೆಕ್ಟಿನವರು ಒಬ್ಬ ತರಬೇತುದಾರನನ್ನು ಹುಡುಕುತ್ತಿದ್ದಾರೆಂದು ಹೌಕ್ರಾಫ್ಟ್ ಎಂಬ ರೆಫರಿ ಮಿತ್ರನಿಂದ ತಿಳಿಯಿತು. ಹೋಗನ್ ಅರ್ಜಿ ಹಾಕಿದನು, ಕೆಲಸ ಸಿಕ್ಕಿತು. ಆಗ ಅವನಿಗೆ 28 ವರ್ಷವೂ ತುಂಬಿರಲಿಲ್ಲ. ಕಾಲಿನಲ್ಲಿ ಇನ್ನೂ ಆಟವಿತ್ತು. ಹಾಲೆಂಡಿನಿಂದ ಹಿಂದಿರುಗಿ ಬೋಲ್ಟನ್ನಿಗೆ ಮತ್ತೆ ಆಡಿದ್ದೂ ಉಂಟು. ಆದರೆ ಮನಸ್ಸು ಆಚೆ ದಡಕ್ಕೆ ದಾಟಿಬಿಟ್ಟಿತ್ತು.

ಡಾರ್ಡ್‌ರೆಕ್ಟಿನಲ್ಲಿ ಅವನ ಶಿಷ್ಯರು ಬಹುಮಟ್ಟಿಗೆ ವಿದ್ಯಾರ್ಥಿಗಳು. ಇಂಗ್ಲೆಂಡಿನಲ್ಲಿ ಯಾರೂ ಕೇಳಲೊಲ್ಲದಿದ್ದ ಏಕೆ, ಹೇಗೆ ಎಂಬ ಪ್ರಶ್ನೆಗಳನ್ನು ಅವರೇ ಕೇಳುತ್ತಿದ್ದರು. ಹೋಗನ್ ಕರಿಹಲಗೆ ತರಿಸಿ ಸೀಮೆಸುಣ್ಣದಲ್ಲಿ ಗೆರೆ ಎಳೆದು ಆಟಗಾರರ ನಿಲುವನ್ನು ವಿವರಿಸಿದನು. ಮೈದಾನಕ್ಕೆ ಕರೆದೊಯ್ದು ಎಲ್ಲರ ಕಾಲಿಗೂ ಚೆಂಡು ಕೊಟ್ಟನು. ಆ ಅಕ್ಟೋಬರಿನಲ್ಲೇ ಹಾಲೆಂಡಿನ ರಾಷ್ಟ್ರ ತಂಡವನ್ನು ಒಂದು ಪಂದ್ಯಕ್ಕೆ ಸಿದ್ಧಪಡಿಸುವ ಹೊಣೆಯೂ ಬಂತು. ಜರ್ಮನಿಯ ಮೇಲೆ 2-1ರಿಂದ ಹಾಲೆಂಡ್ ಗೆದ್ದಿತು.

ಇನ್ನು ಮುಂದೆ ಅವನ ಬಾಳು ರೈಲುಗಳಲ್ಲೇ ಸವೆಯಿತೆನ್ನಬೇಕು. 1912ರಲ್ಲಿ ವಿಯೆನ್ನಾದಿಂದ ಕರೆ ಬಂತು. ಕರೆದವನು ಹ್ಯೂಗೊ ಮೈಸ್ಲ್, ಬ್ಯಾಂಕಿನ ನೌಕರಿಯನ್ನು ಬಿಟ್ಟು ಆಸ್ಟ್ರಿಯದ ಕಾಲ್ಚೆಂಡಾಟಕ್ಕೆ ತನ್ನನ್ನೇ ಕೊಟ್ಟುಕೊಂಡ ಮನುಷ್ಯ. ಸ್ಟಾಕ್‌ಹೋಮಿನ ಒಲಿಂಪಿಕ್ಸಿಗೆ ತಂಡವನ್ನು ಆರು ವಾರಗಳಲ್ಲಿ ಸಿದ್ಧಪಡಿಸಬೇಕಾಗಿತ್ತು. ಅಲ್ಲಿ ಆಸ್ಟ್ರಿಯ ಜರ್ಮನಿಯನ್ನು 5-1ರಿಂದ ಸೋಲಿಸಿತು. ಮುಂದಿನ ಪಂದ್ಯದಲ್ಲಿ ಸೋತದ್ದು ಹಾಲೆಂಡಿಗೆ! ಮೇಷ್ಟರ ಹಳೆಯ ತರಗತಿ ಹೊಸ ತರಗತಿಯನ್ನು ಸೋಲಿಸಿದಂತಾಯಿತು. ಹೋಗನ್ ಮೈಸ್ಲರ ಸ್ನೇಹ ಮಾತ್ರ ಇಪ್ಪತ್ತು ವರ್ಷಕ್ಕೂ ಮಿಕ್ಕಿ ಬಾಳಿತು.

1914ರಲ್ಲಿ ಹೆಂಡತಿ ಮಕ್ಕಳೊಡನೆ ಆತ ಮತ್ತೆ ವಿಯೆನ್ನಾದಲ್ಲಿದ್ದಾಗ ಮಹಾಯುದ್ಧ ಸಿಡಿಯಿತು. ನಿನ್ನೆಯವರೆಗೆ ಮರ್ಯಾದೆಯ ಗುರುವಾಗಿದ್ದವನು ಬೆಳಗಾಗುವಷ್ಟರಲ್ಲಿ ಶತ್ರು ದೇಶದ ಪ್ರಜೆಯಾದನು. ಪೋಲೀಸರು ಹಿಡಿದೊಯ್ದರು. ವಿಯೆನ್ನಾದಲ್ಲಿ ದೊಡ್ಡ ಅಂಗಡಿ ನಡೆಸುತ್ತಿದ್ದ ಬ್ಲೈತ್ ಎಂಬ ಇಂಗ್ಲಿಷ್ ಸಹೋದರರು ಜಾಮೀನು ನಿಂತು ಬಿಡಿಸಿಕೊಂಡರು. ಅವರ ಮನೆಯಲ್ಲಿ ಮಕ್ಕಳಿಗೆ ಟೆನಿಸ್ ಹೇಳಿಕೊಡುತ್ತ, ಕೈಗೆ ಬಂದ ಕೆಲಸ ಮಾಡುತ್ತ ಆತ ದಿನ ನೂಕಿದನು. ಹೆಂಡತಿ ಮಕ್ಕಳನ್ನು 1915ರಲ್ಲಿ ಇಂಗ್ಲೆಂಡಿಗೆ ಹೋಗಗೊಟ್ಟರು, ಅವನನ್ನು ಬಿಡಲಿಲ್ಲ. ಕೊನೆಗೆ ಬುಡಾಪೆಸ್ಟಿನ ಎಂ.ಟಿ.ಕೆ. ಎಂಬ ಸಂಘದವರು ತಮ್ಮ ಪ್ರಭಾವ ಬಳಸಿ ಅವನನ್ನು ಕರೆಸಿಕೊಂಡರು. ಪೋಲೀಸರ ಮುಂದೆ ಆಗಾಗ್ಗೆ ಹಾಜರಾಗುತ್ತಿರಬೇಕೆಂಬುದೊಂದೇ ಷರತ್ತು.

ಸಂಘದ ನುರಿತ ಆಟಗಾರರಲ್ಲಿ ಎಷ್ಟೋ ಜನ ರಣರಂಗದಲ್ಲಿದ್ದರು. ಆದುದರಿಂದ ಹೋಗನ್ ಹುಡುಗರನ್ನು ಹುಡುಕಿದನು. ಒಂದು ಉದ್ಯಾನದಲ್ಲಿ ಚೆಂಡಾಡುತ್ತಿದ್ದ ಹುಡುಗರ ನಡುವೆ ಇಬ್ಬರನ್ನು ಕಂಡು, ಇವರು ನನ್ನವರು ಎಂದು ಹಿಡಿದುಕೊಂಡನಂತೆ. ಅವರೇ ಓರ್ತ್ ಮತ್ತು ಬ್ರೌನ್. ಶಾಲೆ ಬಿಟ್ಟೊಡನೆ ದಿನವೂ ಮೈದಾನಕ್ಕೆ ಬರಬೇಕೆಂದು ಕಟ್ಟಳೆ. ಈ ಇಬ್ಬರೂ ಮುಂದೆ ಹಂಗೆರಿಯ ರಾಷ್ಟ್ರ ತಂಡದಲ್ಲಿ ಹೆಸರಾದರು. ಎಂ.ಟಿ.ಕೆ. 1917ರಿಂದ 1925ರವರೆಗೆ ಎಡೆಬಿಡದೆ ಒಂಬತ್ತು ಸಲ ಹಂಗೆರಿಯ ಲೀಗ್ ಪಂದ್ಯಾವಳಿಯನ್ನು ಗೆದ್ದಿತು. ಹೋಗನ್ ಹೋಗಿದ್ದು 1918ರಲ್ಲಿ. ಆತ ಹೊರಟುಹೋದ ಮೇಲೂ ಗೆಲುವು ನಿಲ್ಲಲಿಲ್ಲವೆಂಬುದನ್ನು ನೀವು ಗಮನಿಸಬೇಕು. ಗುರು ಊರು ಬಿಟ್ಟ ಮೇಲೂ ಶಿಷ್ಯರಲ್ಲಿ ವಿದ್ಯೆ ಉಳಿದಿದ್ದರೆ ತಾನೆ ಆತ ಕಲಿಸಿದನೆಂದು ಅರ್ಥ?

ಯುದ್ಧ ಮುಗಿದು ಇಂಗ್ಲೆಂಡಿಗೆ ಬಂದವನ ಕೈ ಬರಿದಾಗಿತ್ತು. ಯುದ್ಧದಿಂದ ನಷ್ಟ ಹೊಂದಿದ ವೃತ್ತಿ ಆಟಗಾರರಿಗೆ ಕಾಲ್ಚೆಂಡಾಟದ ಆಡಳಿತ ಮಂಡಲಿಯವರು 200 ಪೌಂಡು ಕೊಡುತ್ತಾರೆಂದು ಯಾರೋ ಹೇಳಿದರು. ಸಾಲ ಮಾಡಿ ಲಂಡನ್ನಿಗೆ ಹೋದನು. ಅಲ್ಲಿ ದೊರೆತದ್ದು, ಆತನೇ ಹೇಳಿಕೊಂಡಂತೆ, ಮೂರು ಜೊತೆ ಖಾಕಿ ಕಾಲುಚೀಲ! ರಣರಂಗದ ನಮ್ಮ ಹುಡುಗರು ಇದನ್ನು ಸಂತೋಷದಿಂದ ತೆಗೆದುಕೊಂಡರು ಎಂಬ ಕೊಂಕು ಮಾತು ಅದರ ಜೊತೆಗೆ. ಶತ್ರುವಿನ ನಾಡಿನಲ್ಲಿ ಚೆಂಡಾಡಿಸುತ್ತಿದ್ದವನೆಂಬ ಭಾವನೆ. ಆತ ಅಲ್ಲಿ ಸೆರೆಯಾಳಿನಂತಿದ್ದನೆಂಬುದನ್ನು ಯಾರೂ ಎಣಿಸಲಿಲ್ಲ.

ಹೋಗನ್ ಮತ್ತೆ ಪೆಟ್ಟಿಗೆ ಕಟ್ಟಿದನು. ಸ್ವಿಟ್ಜರ್‌ಲೆಂಡಿನ ಬರ್ನ್ ನಗರದಲ್ಲಿ ಕಲಿಸಿದನು. 1924ರ ಪ್ಯಾರಿಸ್ ಒಲಿಂಪಿಕ್ಸಿನಲ್ಲಿ ಆ ಪುಟ್ಟ ದೇಶ ಅಂತಿಮ ಪಂದ್ಯಕ್ಕೆ ಏರಿದಾಗ ಅದರ ತಂಡವನ್ನು ಅಣಿಗೊಳಿಸಿದವರಲ್ಲಿ ಇವನೂ ಒಬ್ಬ. ಬಳಿಕ ಮತ್ತೊಮ್ಮೆ ಬುಡಾಪೆಸ್ಟ್, ಆಮೇಲೆ ಜರ್ಮನಿ. ಅಲ್ಲಿ ಊರೂರಿಗೆ ಹೋಗಿ ಉಪನ್ಯಾಸ ಮಾಡಬೇಕಾಗಿತ್ತು. ಅವನ ಜರ್ಮನ್ ಭಾಷೆ ಕುಂಟುವಂಥದು. ಒಂದು ಸಭೆಯಲ್ಲಿ ಮಾತು ತಪ್ಪಿ ಜನರೆಲ್ಲ ನಕ್ಕುಬಿಟ್ಟರು. ಆತ ಸ್ವಲ್ಪ ಹೊತ್ತು ಬಿಡುವು ಕೇಳಿ ಒಳಗೆ ಹೋಗಿ, ಹಳೆಯ ಬೋಲ್ಟನ್ ಉಡುಪನ್ನು ತೊಟ್ಟು ಬಂದನು. ಬೂಟು, ಕಾಲುಚೀಲಗಳನ್ನು ಕಳಚಿಟ್ಟು, ಬರಿಗಾಲಿನಿಂದ ಚೆಂಡನ್ನು ಒಂದು ಮರದ ಹಲಗೆಗೆ ಬಲಗಾಲಿನಿಂದೊಮ್ಮೆ, ಎಡಗಾಲಿನಿಂದೊಮ್ಮೆ ಅಪ್ಪಳಿಸಿದನು. ಹಲಗೆ ಸೀಳಿಹೋಯಿತು. ಆಮೇಲೆ ಯಾರೂ ನಗಲಿಲ್ಲ. ನಾಲಗೆ ಹೇಳಲಾರದ ಪಾಠವನ್ನು ಕಾಲು ಹೇಳಿತ್ತು. ಆಟಗಾರನಾಗಿ ಕಳೆದ ವರ್ಷಗಳು ವ್ಯರ್ಥವಾಗಲಿಲ್ಲವೆಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಕೆ? ಡ್ರೆಸ್ಡೆನ್ ನಗರದಲ್ಲಿ ಅವನ ಕೈಕೆಳಗೆ ಕಲಿತ ಹುಡುಗರಲ್ಲಿ ಹೆಲ್ಮುಟ್ ಷೋನ್ ಒಬ್ಬ. ಅವನ ಹೆಸರು ಮತ್ತೆ ಬರುತ್ತದೆ.

1930ರ ದಶಕದ ಆರಂಭದಲ್ಲಿ ಮೈಸ್ಲನ ಆಸ್ಟ್ರಿಯ ತಂಡವನ್ನು ಯೂರೋಪಿನ ಜನ ‘ಅದ್ಭುತ ತಂಡ’ವೆಂದೇ ಕರೆಯತೊಡಗಿದರು. 1931ರ ಮೇ ತಿಂಗಳಲ್ಲಿ ಅದು ಸ್ಕಾಟ್ಲೆಂಡನ್ನು 5-0ಯಿಂದಲೂ ಜರ್ಮನಿಯನ್ನು 6-0ಯಿಂದಲೂ ಮಣಿಸಿತು. 1932ರ ಡಿಸೆಂಬರಿನಲ್ಲಿ ಲಂಡನ್ನಿಗೆ ಬಂದು ಇಂಗ್ಲೆಂಡಿನೊಡನೆ ಆಡಿದಾಗ 4-3ರಿಂದ ಸೋತರೂ ನೋಡಿದವರೆಲ್ಲ ಅದರ ಆಟವನ್ನು ಮೆಚ್ಚಿದರು. ಆ ತಂಡದ ಸಿದ್ಧತೆಯಲ್ಲಿ ಮೈಸ್ಲನ ಪಕ್ಕದಲ್ಲಿದ್ದವನು ಹೋಗನ್.

ಇಷ್ಟಾದ ಮೇಲಾದರೂ ತಾಯ್ನಾಡಿಗೆ ಕಣ್ಣು ತೆರೆಯಿತೆ? 1934ರಲ್ಲಿ ತಾನು ಹಿಂದೆ ಆಡಿದ್ದ ಫುಲಂ ತಂಡಕ್ಕೆ ಆತ ಮುಖ್ಯಸ್ಥನಾಗಿ ಬಂದನು. 31 ಪಂದ್ಯಗಳು ಕಳೆದವು. ಆತ ಕಾಯಿಲೆಯಿಂದ ಆಸ್ಪತ್ರೆಯಲ್ಲಿದ್ದಾಗಲೇ ಕೆಲಸದಿಂದ ತೆಗೆದರು. ಪಳಗಿದ ಆಟಗಾರರಿಗೆ ಪಾಠ ಬೇಕಿಲ್ಲ ಎಂಬುದು ಆಡಳಿತದವರು ಕೊಟ್ಟ ಕಾರಣ. ಮರುವರ್ಷವೇ, 1936ರಲ್ಲಿ, ಆತ ಆಸ್ಟ್ರಿಯದ ಹವ್ಯಾಸಿ ತಂಡವನ್ನು ಬರ್ಲಿನ್ ಒಲಿಂಪಿಕ್ಸಿನ ಅಂತಿಮ ಪಂದ್ಯದವರೆಗೆ ಕರೆದೊಯ್ದನು. ಆ ಪಂದ್ಯದಲ್ಲಿ ಇಟಲಿ ಹೆಚ್ಚಿನ ಅವಧಿಯಲ್ಲಿ 2-1ರಿಂದ ಗೆದ್ದಿತು. ಅನಂತರ ಬರ್ಮಿಂಗ್‌ಹ್ಯಾಮಿನ ಆಸ್ಟನ್ ವಿಲ್ಲಾ ಅವನನ್ನು ಕರೆಯಿತು. ಎರಡನೆಯ ದರ್ಜೆಗೆ ಇಳಿದುಹೋಗಿದ್ದ ಆ ತಂಡ 1938ರಲ್ಲಿ ಆ ದರ್ಜೆಯನ್ನು ಗೆದ್ದು ಮತ್ತೆ ಮೇಲೇರಿತು. ಅಷ್ಟರಲ್ಲಿ ಇನ್ನೊಂದು ಮಹಾಯುದ್ಧ ಬಂದು ಆಟವನ್ನೇ ನಿಲ್ಲಿಸಿತು.

ಇನ್ನು 1953ರ ನವೆಂಬರ್ 25ಕ್ಕೆ ಬರೋಣ. ಲಂಡನ್ನಿನ ವೆಂಬ್ಲಿ ಕ್ರೀಡಾಂಗಣದಲ್ಲಿ ಲಕ್ಷಕ್ಕೆ ಮೇಲ್ಪಟ್ಟು ಜನ. ಬ್ರಿಟಿಷ್ ದ್ವೀಪಗಳ ಆಚೆಯ ಯಾವ ದೇಶಕ್ಕೂ ಇಂಗ್ಲೆಂಡ್ ಅಂದಿನವರೆಗೆ ಸ್ವಂತ ನೆಲದಲ್ಲಿ ಸೋತಿರಲಿಲ್ಲ. ಇದಿರಿಗೆ ಹಂಗೆರಿ. ಮೊದಲ ನಿಮಿಷದಲ್ಲೇ ಹಿಡೆಕುಟಿ ಎಂಬವನು ಗೋಲು ಹೊಡೆದನು. ನಡುವಣ ಫಾರ್ವರ್ಡ್ ಎಂದು ಹೆಸರು, ನಿಂತದ್ದು ಮಾತ್ರ ಹಿಂದೆ. ಅವನನ್ನು ಕಾಯಬೇಕಾದ ಇಂಗ್ಲಿಷ್ ಆಟಗಾರನಿಗೆ, ಮುಂದಕ್ಕೆ ಹೋಗಬೇಕೋ ನಿಂತಲ್ಲೇ ನಿಲ್ಲಬೇಕೋ ತಿಳಿಯಲಿಲ್ಲ. ಹಿಡೆಕುಟಿ ಮೂರು, ಪುಷ್ಕಾಷ್ ಎರಡು, ಬೋಜಿಕ್ ಒಂದು. ಹಂಗೆರಿ 6, ಇಂಗ್ಲೆಂಡ್ 3. ಚೆಂಡು ನೆಲದ ಮೇಲೆ ಕಾಲಿನಿಂದ ಕಾಲಿಗೆ ಹರಿಯುತ್ತಿದ್ದುದನ್ನು ಜನ ಬೆರಗಾಗಿ ನೋಡಿದರು.

ಆ ಜನರ ನಡುವೆ 71 ವರ್ಷದ ಒಬ್ಬ ಮುದುಕ ಆಸ್ಟನ್ ವಿಲ್ಲಾದ ಎಳೆಯ ಆಟಗಾರರನ್ನು ಜೊತೆಯಲ್ಲಿ ಕರೆತಂದು ಕುಳಿತಿದ್ದನು. ಅವನೇ ಹೋಗನ್. ಪಂದ್ಯದ ಬಳಿಕ ಹಂಗೆರಿಯ ಕಾಲ್ಚೆಂಡಾಟ ಮಂಡಲಿಯ ಅಧ್ಯಕ್ಷ ಬಾರ್ಚ್, ನಮಗೆ ತಿಳಿದಿರುವುದನ್ನೆಲ್ಲ ಕಲಿಸಿದವನು ಜಿಮ್ಮಿ ಹೋಗನ್ ಎಂದು ಸಾರಿದನು. ತಂಡದ ಗುರು ಷೆಬೆಷ್, ನಮ್ಮ ಆಟದ ಚರಿತ್ರೆಯಲ್ಲಿ ಅವನ ಹೆಸರನ್ನು ಚಿನ್ನದ ಅಕ್ಷರದಲ್ಲಿ ಬರೆಯಬೇಕು ಎಂದನು. ಇಂಗ್ಲೆಂಡನ್ನು ಸೋಲಿಸಿದ ವಿದ್ಯೆ ಇಂಗ್ಲೆಂಡಿನಿಂದಲೇ ಹೋಗಿತ್ತು. ನಲವತ್ತು ವರ್ಷಗಳ ಹಿಂದೆ ತಾವೇ ಬೇಡವೆಂದು ಬಿಟ್ಟದ್ದು, ಬಡ್ಡಿ ಸಹಿತ ಹಿಂದಿರುಗಿತ್ತು. 1954ರ ಮೇ ತಿಂಗಳಲ್ಲಿ ಬುಡಾಪೆಸ್ಟಿನಲ್ಲಿ ಮತ್ತೆ ಸೆಣಸಿದಾಗ ಹಂಗೆರಿ ಗೆದ್ದದ್ದು 7-1ರಿಂದ.

ಹೋಗನ್ 1974ರ ಜನವರಿಯಲ್ಲಿ, 91ನೆಯ ವಯಸ್ಸಿನಲ್ಲಿ, ಬರ್ನ್‌ಲಿಯಲ್ಲಿ ತೀರಿಕೊಂಡನು. ಚೆಂಡು ಏಕೆ ಮೇಲಕ್ಕೆ ಹಾರಿತೆಂದು ಕೇಳಿ ಉತ್ತರ ದೊರೆಯದೆ ಹೋದದ್ದೂ ಅದೇ ತಂಡದಲ್ಲಿ. ಅದೇ ವರ್ಷ ಜುಲೈಯಲ್ಲಿ ಪಶ್ಚಿಮ ಜರ್ಮನಿ ವಿಶ್ವ ಕಪ್ಪನ್ನು ಗೆದ್ದಿತು. ತಂಡದ ಗುರು ಡ್ರೆಸ್ಡೆನ್ನಿನ ಆ ಹುಡುಗ, ಹೆಲ್ಮುಟ್ ಷೋನ್.

ಇದು ಪರದೇಶದ ಕಥೆ, ನಮಗೇನು ಎಂದು ನೀವು ಕೇಳಬಹುದು. 1948ರ ಲಂಡನ್ ಒಲಿಂಪಿಕ್ಸಿನಲ್ಲಿ ನಮ್ಮವರು ಬಹುಪಾಲು ಬರಿಗಾಲಲ್ಲಿ ಆಡಿ ಫ್ರಾನ್ಸಿಗೆ 2-1ರಿಂದ ಸೋತರು. ಭಾರತದ ಆ ಒಂದು ಗೋಲು ಹೊಡೆದವರು ಮೈಸೂರು ಸೀಮೆಯ ರಾಮನ್. 1952ರಲ್ಲಿ ಹೆಲ್ಸಿಂಕಿಯಲ್ಲಿ ಯುಗೊಸ್ಲಾವಿಯ ನಮ್ಮನ್ನು 10-1ರಿಂದ ಸೋಲಿಸಿತು. ಆ ಒಂದು ಗೋಲು ನಮ್ಮ ಬೆಂಗಳೂರಿನ ಅಹಮದ್ ಖಾನ್ ಅವರದು. ಅದೇ ಯುಗೊಸ್ಲಾವಿಯವನ್ನು ಅಂತಿಮ ಪಂದ್ಯದಲ್ಲಿ 2-0ಯಿಂದ ಸೋಲಿಸಿ ಚಿನ್ನ ಗೆದ್ದದ್ದು ಹಂಗೆರಿ. ನಮ್ಮವರ ಕಾಲಿನಲ್ಲಿ ಚಳಕಕ್ಕೆ ಕೊರತೆಯಿರಲಿಲ್ಲ. ಅಹಮದ್ ಖಾನ್ ಆಡಿದ ಈಸ್ಟ್ ಬೆಂಗಾಲ್ ತಂಡದ ಐವರು ಮುಂಚೂಣಿಗರನ್ನು ಕಲ್ಕತ್ತೆಯ ಜನ ‘ಪಂಚಪಾಂಡವರು’ ಎಂದೇ ಕರೆಯುತ್ತಿದ್ದರು. ಹೆಲ್ಸಿಂಕಿಯ ಬಳಿಕ ಆಟಗಾರರಿಗೆ ಬೂಟು ಬಂತು. ಆದರೆ ಬೂಟಿಗಿಂತ ಮಿಗಿಲಾದದ್ದೊಂದು ಹೈದರಾಬಾದಿನಲ್ಲಿತ್ತು. ಶಾಲಾ ಮೇಷ್ಟರಾಗಿದ್ದ ಸಯ್ಯದ್ ಅಬ್ದುಲ್ ರಹೀಮ್ ಅವರು ಹೆಲ್ಸಿಂಕಿಯ ಸೋಲಿಗೆ ಕಾರಣ ಹುಡುಕಿದರು, ಕಲಿತರು, ಕಲಿಸಿದರು. ಅದೇ ಗುರುವಿನ ಕೈಯಲ್ಲಿ ಭಾರತ 1956ರ ಮೆಲ್ಬರ್ನ್ ಒಲಿಂಪಿಕ್ಸಿನಲ್ಲಿ ನಾಲ್ಕನೆಯ ಸ್ಥಾನ ಪಡೆಯಿತು, 1962ರಲ್ಲಿ ಜಕಾರ್ತಾದ ಏಷ್ಯನ್ ಕ್ರೀಡೆಗಳಲ್ಲಿ ಚಿನ್ನ ಗೆದ್ದಿತು. 1963ರಲ್ಲಿ ರಹೀಮ್ ತೀರಿಕೊಂಡರು. ಅಂಥ ಚಿನ್ನ ಮತ್ತೆ ನಮಗೆ ಬರಲಿಲ್ಲ.

ಬೆಂಗಳೂರಿನ ಗೌತಮಪುರದಲ್ಲೋ ಆಸ್ಟಿನ್ ಟೌನಿನಲ್ಲೋ ಸಂಜೆಯ ಹೊತ್ತು ಹೋಗಿ ನೋಡಿ. ಧೂಳಿನ ನಡುವೆ ಹುಡುಗರು ಚೆಂಡಿನ ಹಿಂದೆ ಓಡುತ್ತಿರುತ್ತಾರೆ. ಅವರಲ್ಲಿ ಒಬ್ಬ ಒದ್ದ ಚೆಂಡು ಎರಡು ಕಲ್ಲುಗಳ ನಡುವೆ ಹೋಗದೆ ಮೇಲಕ್ಕೆ ಹಾರುತ್ತದೆ. ಉಳಿದವರು ಗೇಲಿ ಮಾಡುತ್ತಾರೆ. ಆತ ಚೆಂಡನ್ನು ತರಲು ಓಡದೆ, ಒಂದು ಕ್ಷಣ ನಿಂತು ತನ್ನ ಕಾಲನ್ನೇ ನೋಡಿಕೊಂಡಾನು. ಆಗ ಅವನ ಪಕ್ಕದಲ್ಲಿ, ಆಟ ಬಿಟ್ಟ ಒಬ್ಬ ಹಿರಿಯ ಇದ್ದು, ‘ಊರಿದ ಕಾಲನ್ನು ಇಲ್ಲಿಡು ಮಗು, ಈಗ ಒದೆ’ ಎಂದು ತೋರಿಸಿಕೊಟ್ಟರೆ ಸಾಕು.